ಕನ್ನಡ ಕಥನಕಾವ್ಯಗಳಲ್ಲಿ ಕೆಡುಕಿನ ಶೋಧ

ಒಳ್ಳೆಯದು ಯಾವುದೆಂದು ತಿಳಿದಿದ್ದೂ ಮನುಷ್ಯ ಏಕೆ ಜಾರುತ್ತಾನೆ ಎಂಬ ಪ್ರಶ್ನೆಯನ್ನು ಕನ್ನಡ ಸಾಹಿತ್ಯ ತನ್ನ ಮೊದಲ ಶತಮಾನಗಳಲ್ಲೇ ಕೈಗೆತ್ತಿಕೊಂಡಿತು. ಹತ್ತರಿಂದ ಹದಿಮೂರನೆಯ ಶತಮಾನದವರೆಗೆ ಹುಟ್ಟಿದ ವಡ್ಡಾರಾಧನೆ, ಪಂಪ ರನ್ನರ ಭಾರತ ಕಾವ್ಯಗಳು, ನಾಗಚಂದ್ರನ ರಾಮಚಂದ್ರಚರಿತಪುರಾಣ, ಜನ್ನನ ಯಶೋಧರಚರಿತೆ ಮತ್ತು ಅನಂತನಾಥಪುರಾಣ ಈ ಪ್ರಶ್ನೆಯನ್ನು ಬೇರೆ ಬೇರೆ ದಿಕ್ಕಿನಿಂದ ಕೆದಕುತ್ತವೆ. ಇವೆಲ್ಲವೂ ಜೈನ ಕವಿಗಳ ರಚನೆಗಳು. ಸೃಷ್ಟಿಕರ್ತನಾದ ದೇವರನ್ನು ಒಪ್ಪದ ಆ ದರ್ಶನದಲ್ಲಿ ದೇವರಿಗೆ ಎದುರು ನಿಲ್ಲುವ ದುಷ್ಟಶಕ್ತಿಗೂ ಜಾಗವಿಲ್ಲ. ತಪ್ಪನ್ನು ಹೊರಿಸಲು ಹೊರಗೆ ಯಾರೂ ಸಿಗುವುದಿಲ್ಲ. ಹಾಗಾಗಿ ಕವಿಗಳು ಮನಸ್ಸಿನ ಒಳಕ್ಕೇ ಇಳಿಯಬೇಕಾಯಿತು. ಅಲ್ಲಿ ಅವರು ಕಂಡದ್ದು ಇಷ್ಟು: ಕೆಡುಕು ಕೆಟ್ಟವರ ಹುಟ್ಟುಗುಣವಾಗಿ ಬರುವುದಕ್ಕಿಂತ ಹೆಚ್ಚಾಗಿ ಸಜ್ಜನನ ಬದುಕಿನ ಒಂದು ಗಳಿಗೆಯಲ್ಲಿ, ಬಹಳ ಸಣ್ಣದಾಗಿ, ಎಷ್ಟೋ ಸಲ ಮರ್ಯಾದೆಯ ವೇಷದಲ್ಲಿ ಮೊಳೆಯುತ್ತದೆ. ಈ ಕಾವ್ಯಗಳ ನಿಜವಾದ ವಸ್ತು ಆ ಗಳಿಗೆ. ಅದನ್ನು ಇಷ್ಟು ಹತ್ತಿರದಿಂದ ನೋಡಿದ್ದು ಹಳಗನ್ನಡದ ಬಹು ದೊಡ್ಡ ಸಾಧನೆಗಳಲ್ಲಿ ಒಂದು ಎಂಬುದು ಈ ಲೇಖನದ ನಿಲುವು.

ವಡ್ಡಾರಾಧನೆಯ ಹತ್ತೊಂಬತ್ತು ಕಥೆಗಳಲ್ಲಿ ಸುಕುಮಾರಸ್ವಾಮಿಯ ಕಥೆ ಈ ಶೋಧದ ಮೊದಲ ಮೆಟ್ಟಿಲು. ಧ್ಯಾನದಲ್ಲಿ ನಿಂತ ಎಳೆಯ ತಪಸ್ವಿಯನ್ನು ಒಂದು ಹೆಣ್ಣುನರಿ ತನ್ನ ಮರಿಗಳೊಡನೆ ಕಾಲಿನಿಂದ ಮೇಲಕ್ಕೆ ಮೂರು ರಾತ್ರಿ ತಿನ್ನುತ್ತದೆ. ಮೇಲುನೋಟಕ್ಕೆ ಇದು ಮೃಗದ ಕ್ರೌರ್ಯ. ಆದರೆ ಕಥೆಗಾರ ನಮ್ಮನ್ನು ಹಲವು ಜನ್ಮಗಳ ಹಿಂದಿನ ಒಂದು ಮನೆಗೆ ಕರೆದೊಯ್ಯುತ್ತಾನೆ. ಅಲ್ಲಿ ವಾಯುಭೂತಿ ಎಂಬವನು ತನಗೆ ಹಿತ ಹೇಳಿದ ಅತ್ತಿಗೆಯನ್ನು ಸಿಟ್ಟಿನ ಭರದಲ್ಲಿ ಒದೆಯುತ್ತಾನೆ. ಒದೆಸಿಕೊಂಡವಳು ಆ ಕಾಲನ್ನೇ ಮುಂದೊಂದು ಜನ್ಮದಲ್ಲಿ ತಿನ್ನುವಂತಾಗಲಿ ಎಂದು ಮನಸ್ಸಿನಲ್ಲಿ ಗಂಟು ಹಾಕಿಕೊಳ್ಳುತ್ತಾಳೆ. ಜೈನರು ನಿದಾನವೆಂದು ಕರೆಯುವ ಆ ಸಂಕಲ್ಪವೇ ನರಿಯ ಹಲ್ಲಾಗಿ ಬರುತ್ತದೆ. ತಿನ್ನುವ ನರಿ ಒಂದು ಕಾಲಕ್ಕೆ ನೊಂದವಳು, ತಿನ್ನಿಸಿಕೊಳ್ಳುವ ಮುನಿ ಒಂದು ಕಾಲಕ್ಕೆ ನೋಯಿಸಿದವನು. ಮನೆಯೊಳಗಿನ ಅವಮಾನವೊಂದು ಕಾಡಿನ ಭೀಕರತೆಯಾಗುವವರೆಗಿನ ದಾರಿಯನ್ನು ಗದ್ಯಕಾರ ಹೆಜ್ಜೆಹೆಜ್ಜೆಯಾಗಿ ಅಳೆದು ತೋರಿಸುತ್ತಾನೆ. ಇದೇ ಸಂಗ್ರಹದ ವಿದ್ಯುಚ್ಚೋರನ ಕಥೆಯಲ್ಲಿ ಕಳ್ಳನೂ ಅವನನ್ನು ಹಿಡಿಯಬೇಕಾದ ತಳಾರನೂ ಬಾಲ್ಯದ ಗೆಳೆಯರು. ಕಳ್ಳನೇ ಮುಂದೆ ಋಷಿಯಾಗುತ್ತಾನೆ. ಒಳ್ಳೆಯವರ ಕೇರಿ, ಕೆಟ್ಟವರ ಕೇರಿ ಎಂಬ ವಿಂಗಡಣೆ ಈ ಪುಸ್ತಕದಲ್ಲಿ ಎಲ್ಲೂ ಗಟ್ಟಿಯಾಗಿ ನಿಲ್ಲುವುದಿಲ್ಲ.

ನಾಗಚಂದ್ರನ ರಾವಣನಲ್ಲಿ ಈ ನೋಟಕ್ಕೆ ದೊಡ್ಡ ಮೈ ಸಿಕ್ಕಿತು. ಅಭಿನವ ಪಂಪನೆಂಬ ಬಿರುದಿನ ಈ ಕವಿಯ ರಾಮಾಯಣದಲ್ಲಿ ರಾವಣ ಹತ್ತು ತಲೆಯ ರಾಕ್ಷಸನಲ್ಲ. ವಿದ್ಯೆಗಳನ್ನು ಸಾಧಿಸಿದ ಖೇಚರ ಚಕ್ರವರ್ತಿ, ಜಿನಭಕ್ತ, ವ್ರತನಿಷ್ಠ. ತನ್ನ ಮೇಲೆ ಮೋಹಗೊಂಡ ನಳಕೂಬರನ ಮಡದಿ ಉಪರಂಭೆಗೆ ಬುದ್ಧಿ ಹೇಳಿ ಗಂಡನ ಬಳಿಗೆ ಕಳುಹಿಸಿದವನು ಇವನು. ಒಲ್ಲದ ಪರಸ್ತ್ರೀಯನ್ನು ಮುಟ್ಟುವುದಿಲ್ಲವೆಂಬ ವ್ರತವನ್ನೂ ತಾನಾಗಿ ತೊಟ್ಟಿದ್ದಾನೆ. ಅಂಥವನ ಕಣ್ಣು ಸೀತೆಯ ಮೇಲೆ ಬಿದ್ದಾಗ ಅದುವರೆಗಿನ ಬಾಳೆಲ್ಲ ಕದಡಿಹೋಗುತ್ತದೆ. ಆದರೆ ಕವಿಯ ಪ್ರತಿಭೆಗೆ ನಿಜವಾದ ಸಾಕ್ಷಿ ಅಪಹರಣದ ಪ್ರಸಂಗವಲ್ಲ, ಅದಾದ ಎಷ್ಟೋ ಕಾಲದ ಮೇಲೆ ಬರುವ ಪಶ್ಚಾತ್ತಾಪದ ಪ್ರಸಂಗ. ಬಹುರೂಪಿಣೀ ವಿದ್ಯೆಯನ್ನು ಸಾಧಿಸಿ ಬಂದ ರಾವಣ ಸೀತೆಯ ಎದುರು ತನ್ನ ಬಲವನ್ನು ಸಾರುತ್ತಾನೆ. ರಾಮನಿಗೆ ಆಪತ್ತು ಬಂತೆಂದು ಅವಳು ಮೂರ್ಛೆ ಹೋಗುತ್ತಾಳೆ. ಆ ಕ್ಷಣದಲ್ಲಿ ಅವನ ಮನಸ್ಸು ತಿಳಿಯಾಗುತ್ತದೆ. ಒಲಿದ ಜೋಡಿಯನ್ನು ಅಗಲಿಸಿದೆನಲ್ಲ, ಹಿತ ಹೇಳಿದ ತಮ್ಮನನ್ನು ದೂರ ಮಾಡಿಕೊಂಡೆನಲ್ಲ ಎಂದು ಅವನು ಮರುಗುತ್ತಾನೆ. ಕೆಡುಕು ಇಲ್ಲಿಗೇ ಮುಗಿಯಬಹುದಿತ್ತು.

ಮುಗಿಯುವುದಿಲ್ಲ. ಸೀತೆಯನ್ನು ಹಿಂದಿರುಗಿಸಬೇಕೆಂದು ನಿಶ್ಚಯಿಸಿದ ರಾವಣನೇ, ಈಗ ಒಪ್ಪಿಸಿದರೆ ಲೋಕ ತನ್ನನ್ನು ಹೇಡಿಯೆಂದೀತು ಎಂದು ಅಳುಕುತ್ತಾನೆ. ಮೊದಲು ಯುದ್ಧದಲ್ಲಿ ರಾಮಲಕ್ಷ್ಮಣರನ್ನು ಸೆರೆಹಿಡಿದು, ಆಮೇಲೆ ಗೌರವದಿಂದ ಸೀತೆಯನ್ನು ಒಪ್ಪಿಸುವುದೆಂದು ತೀರ್ಮಾನಿಸುತ್ತಾನೆ. ಕಾಮ ಇಳಿದುಹೋಗಿದೆ, ತಪ್ಪಿನ ಅರಿವು ಬಂದಿದೆ, ತಿದ್ದಿಕೊಳ್ಳುವ ಮನಸ್ಸೂ ಇದೆ. ಉಳಿದಿರುವುದು ಮಾನದ ಚಿಂತೆ ಒಂದೇ. ಆ ಒಂದು ಚಿಂತೆ ಎರಡು ಸೈನ್ಯಗಳನ್ನು ರಣರಂಗಕ್ಕೆ ನೂಕುತ್ತದೆ. ಮನುಷ್ಯನ ಕತ್ತಲೆಯ ಬಗೆಗೆ ನಾಗಚಂದ್ರ ಕಂಡುಕೊಂಡ ಸತ್ಯಗಳಲ್ಲಿ ಇದಕ್ಕಿಂತ ಸೂಕ್ಷ್ಮವಾದುದಿಲ್ಲ: ಕೆಡುಕನ್ನು ಆರಂಭಿಸುವ ಭಾವವೇ ಬೇರೆ, ಅದನ್ನು ನಡೆಸಿಕೊಂಡು ಹೋಗುವ ಭಾವವೇ ಬೇರೆ. ಎಷ್ಟೋ ಯುದ್ಧಗಳು, ಎಷ್ಟೋ ಮನೆತನಗಳ ಹಗೆಗಳು ಮೊದಲ ಕಾರಣ ಸತ್ತುಹೋದ ಮೇಲೂ ಎರಡನೆಯದರ ಬಲದಿಂದ ಬದುಕಿರುತ್ತವೆ. ಬಿ.ಎಂ. ಶ್ರೀಕಂಠಯ್ಯನವರು ಗ್ರೀಕ್ ರುದ್ರನಾಟಕಗಳ ಪರಿಚಯದ ಬೆಳಕಿನಲ್ಲಿ ಈ ರಾವಣನನ್ನು ದುರಂತನಾಯಕನೆಂದು ಗುರುತಿಸಿ ಬರೆದದ್ದು ಕನ್ನಡ ವಿಮರ್ಶೆಯಲ್ಲಿ ಒಂದು ತಿರುವು. ಆದರೆ ಅವನಲ್ಲಿ ದುರಂತಕ್ಕಿಂತಲೂ ಹತ್ತಿರದ ವಸ್ತುವೊಂದಿದೆ. ಸರಿಪಡಿಸುವ ದಾರಿ ಕಣ್ಣೆದುರೇ ತೆರೆದಿದ್ದರೂ ನಾಲ್ಕು ಜನ ಏನೆಂದಾರು ಎಂಬ ಅಂಜಿಕೆಯಿಂದ ಅದನ್ನು ತುಳಿಯದೆ ಹೋಗುವ ಸ್ವಭಾವ ಅದು.

ಇದಕ್ಕೆ ಒಂದು ಗಟ್ಟಿ ಆಕ್ಷೇಪವಿದೆ. ರಾವಣನನ್ನು ಹೀಗೆ ಎತ್ತರಿಸಿದ್ದು ನಾಗಚಂದ್ರನ ಸ್ವಂತ ಮನೋಶೋಧದ ಫಲವಲ್ಲ. ವಿಮಲಸೂರಿಯ ಪ್ರಾಕೃತ ಪಉಮಚರಿಯ, ಏಳನೆಯ ಶತಮಾನದ ರವಿಷೇಣನ ಸಂಸ್ಕೃತ ಪದ್ಮಪುರಾಣ ಆಗಲೇ ಹಾಕಿಕೊಟ್ಟ ದಾರಿಯದು. ವೈದಿಕ ಪುರಾಣಗಳನ್ನು ತಮ್ಮ ಮತಕ್ಕೆ ಒಗ್ಗಿಸಿಕೊಳ್ಳುವ ಹಟದಿಂದ ಜೈನರು ರಾಕ್ಷಸರನ್ನೆಲ್ಲ ವಿದ್ಯಾಧರರನ್ನಾಗಿ ಮಾಡಿದರು ಎಂಬುದು ವಾದ. ಇದರ ಮೊದಲರ್ಧವನ್ನು ಒಪ್ಪಲೇಬೇಕು. ಕಥೆಯ ಚೌಕಟ್ಟು ಎರವಲಿನದು, ಮತಸ್ಪರ್ಧೆಯೂ ಅದರ ಹಿಂದೆ ಇದ್ದೀತು. ಆದರೆ ಒಂದು ನೋಟ ಯಾವ ಕಾರಣಕ್ಕೆ ಹುಟ್ಟಿತು ಎಂಬುದರಿಂದ ಅದು ಏನನ್ನು ಕಾಣಿಸಿತು ಎಂಬುದು ತೀರ್ಮಾನವಾಗುವುದಿಲ್ಲ. ರಾವಣ ವಿದ್ಯಾಧರನೆಂದು ಹೇಳಿ ಮುಗಿಸಿದ್ದರೆ ಮತದ ಕೆಲಸ ಆಗಿಹೋಗುತ್ತಿತ್ತು. ಕವಿ ಅಷ್ಟಕ್ಕೆ ನಿಲ್ಲದೆ ಅವನ ವ್ರತ, ಮೋಹ, ಮರುಕ, ಮಾನಗಳನ್ನು ಒಂದರ ಮೇಲೊಂದು ತಂದು ನಿಲ್ಲಿಸಿ, ಯಾವುದು ಯಾವುದನ್ನು ಸೋಲಿಸುತ್ತದೆಂದು ತಾಳ್ಮೆಯಿಂದ ನೋಡುತ್ತಾನೆ. ಆ ತಾಳ್ಮೆ ಪಂಥಕ್ಕೆ ಬೇಕಿರಲಿಲ್ಲ, ಕಾವ್ಯಕ್ಕೆ ಬೇಕಿತ್ತು.

ಪಂಪ ರನ್ನರ ದುರ್ಯೋಧನನನ್ನು ಇದೇ ಸಾಲಿನಲ್ಲಿ ನಿಲ್ಲಿಸುವಾಗ ಎಚ್ಚರ ಬೇಕು. 941ರಲ್ಲಿ ಆದಿಪುರಾಣವನ್ನು ಮುಗಿಸಿದ ಪಂಪ ತನ್ನ ಭಾರತದಲ್ಲಿ ದುರ್ಯೋಧನನನ್ನು ಛಲಕ್ಕೆ ಮಾದರಿಯಾಗಿ ನೆನೆಯುತ್ತಾನೆ. ಚಾಳುಕ್ಯರ ಆಸ್ಥಾನದ ರನ್ನ ಗದಾಯುದ್ಧದಲ್ಲಿ ಅವನನ್ನು ಹೆಣಗಳ ನಡುವೆ ನಡೆಸುತ್ತಾನೆ. ದ್ರೋಣ, ದುಶ್ಶಾಸನ, ಮಗ ಲಕ್ಷಣಕುಮಾರ, ಕರ್ಣ ಒಬ್ಬೊಬ್ಬರಾಗಿ ಎದುರಾಗುತ್ತಾರೆ. ಹಗೆಯ ಮಗ ಅಭಿಮನ್ಯುವಿನ ಹೆಣದ ಮುಂದೆಯೂ ನಿಂತು ಅವನು ಆ ಹುಡುಗನ ಪರಾಕ್ರಮಕ್ಕೆ ಕೈಮುಗಿಯುತ್ತಾನೆ. ಇಲ್ಲಿನ ಮೆಚ್ಚುಗೆಯ ಬೇರು ಬಹುಮಟ್ಟಿಗೆ ವೀರಯುಗದ ಮೌಲ್ಯಗಳಲ್ಲಿದೆ. ಒಡೆಯನಿಗಾಗಿ ಸಾಯುವುದು, ನುಡಿಗೆ ತಪ್ಪದಿರುವುದು, ಸೋತರೂ ಬಾಗದಿರುವುದು ವೀರಗಲ್ಲುಗಳ ಆ ನಾಡಿಗೆ ದೊಡ್ಡ ಗುಣಗಳು. ಆದ್ದರಿಂದ ರನ್ನ ಕೆಡುಕನ್ನು ವಿಶ್ಲೇಷಿಸುತ್ತಿದ್ದಾನೆ ಎನ್ನುವುದಕ್ಕಿಂತ ಕೆಡುಕಿನ ಪಕ್ಕದಲ್ಲೇ ಹಿರಿಮೆಯೂ ಬಾಳಬಲ್ಲುದೆಂದು ತೋರಿಸುತ್ತಿದ್ದಾನೆ ಎನ್ನುವುದು ನ್ಯಾಯ. ದ್ರೌಪದಿಯ ಮುಡಿಗೆ ಕೈಹಾಕಿಸಿದವನು, ಸತ್ತ ಶತ್ರುಬಾಲಕನಿಗೆ ಕೈಮುಗಿದವನು ಒಬ್ಬನೇ. ಎರಡರಲ್ಲಿ ಒಂದನ್ನು ಸುಳ್ಳೆಂದು ತಳ್ಳಿಹಾಕಲು ರನ್ನ ನಮಗೆ ಅವಕಾಶ ಕೊಡುವುದಿಲ್ಲ.

1209ರಲ್ಲಿ ಜನ್ನ ಬರೆದ ಯಶೋಧರಚರಿತೆ ಈ ಪರಂಪರೆಯ ಶಿಖರ. ಕಥೆ ಹೊಸದೇನಲ್ಲ, 959ರಲ್ಲಿ ಸೋಮದೇವಸೂರಿ ಸಂಸ್ಕೃತದ ಯಶಸ್ತಿಲಕದಲ್ಲಿ, ಆಮೇಲೆ ವಾದಿರಾಜ ತನ್ನ ಕಾವ್ಯದಲ್ಲಿ ಇದನ್ನು ಹೇಳಿದ್ದರು. ಹೊಯ್ಸಳರ ಕವಿಚಕ್ರವರ್ತಿ ಅದನ್ನು ಕಂದಪದ್ಯಗಳ ಬಿಗಿಯಲ್ಲಿ ಹಿಡಿದು ಮುನ್ನೂರು ಚಿಲ್ಲರೆ ಪದ್ಯಗಳಿಗೆ ಇಳಿಸಿದ. ಉಜ್ಜಯಿನಿಯ ಅರಸ ಯಶೋಧರ ಒಂದು ರಾತ್ರಿ ತನ್ನ ರಾಣಿ ಅಮೃತಮತಿ ವಿಕಾರ ರೂಪದ ಮಾವುತನ ಬಳಿಗೆ ಹೋಗುವುದನ್ನು ಕಾಣುತ್ತಾನೆ. ಕತ್ತಿ ಎತ್ತುತ್ತಾನೆ, ತನ್ನನ್ನು ತಡೆದುಕೊಳ್ಳುತ್ತಾನೆ. ಕೊಲೆ ತಪ್ಪಿತು ಎಂದು ಓದುಗ ಉಸಿರು ಬಿಡುವಾಗಲೇ ನಿಜವಾದ ಜಾರುವಿಕೆ ಶುರುವಾಗಿರುತ್ತದೆ. ನಡೆದುದನ್ನು ತಾಯಿಗೆ ಹೇಳಲಾರದೆ ಅವನು ಕೆಟ್ಟ ಕನಸಿನ ನೆಪ ಹೂಡುತ್ತಾನೆ. ತಾಯಿ ಚಂದ್ರಮತಿ ಮಗನ ಮೇಲಿನ ಕಕ್ಕುಲಾತಿಯಿಂದ ಶಾಂತಿಗಾಗಿ ದೇವಿಗೆ ಪ್ರಾಣಿಬಲಿ ಕೊಡು ಎನ್ನುತ್ತಾಳೆ. ಮಗ ಹಿಂಸೆ ಬೇಡವೆನ್ನುತ್ತಾನೆ. ಕೊನೆಗೆ ಇಬ್ಬರೂ ಒಪ್ಪುವಂಥ ನಡುದಾರಿಯೊಂದು ಹೊಳೆಯುತ್ತದೆ: ಹಿಟ್ಟಿನಲ್ಲಿ ಮಾಡಿದ ಹುಂಜವನ್ನು ಕಡಿಯುವುದು. ಕತ್ತಿ ಬಿದ್ದಾಗ ಆ ಹಿಟ್ಟಿನ ಹುಂಜ ಕೂಗುತ್ತದೆ.

ಆ ಕೂಗಿಗೆ ಕತೆಯಲ್ಲಿ ಅತಿಮಾನುಷ ಕಾರಣವಿದೆ, ಹುಂಜದೊಳಗೆ ಬೆಂತರವೊಂದು ಹೊಕ್ಕಿತ್ತು. ಆದರೆ ಜನ್ನನ ಗುರಿ ಅದಕ್ಕಿಂತ ಆಳದಲ್ಲಿದೆ. ಜೈನ ಚಿಂತನೆ ಹಿಂಸೆಯನ್ನು ಕೈಯಲ್ಲಿ ಮಾತ್ರ ಅಳೆಯದೆ ಸಂಕಲ್ಪದಲ್ಲೂ ಅಳೆಯುತ್ತದೆ. ಕೊಲ್ಲುವೆನೆಂಬ ಭಾವದಿಂದ ಕತ್ತಿ ಬೀಸಿದವನ ಮುಂದೆ ಹಿಟ್ಟಿದ್ದರೇನು, ಜೀವವಿದ್ದರೇನು? ಈ ತತ್ತ್ವವನ್ನು ಶಾಸ್ತ್ರಗ್ರಂಥವೂ ಹೇಳಬಲ್ಲುದು. ಕಾವ್ಯ ಮಾಡಿದ ಹೆಚ್ಚಿನ ಕೆಲಸವೆಂದರೆ ಆ ಸಂಕಲ್ಪ ಹೇಗೆ ಕೂಡಿಬಂತು ಎಂಬುದನ್ನು ಬಿಡಿಸಿ ಇಟ್ಟದ್ದು. ಯಶೋಧರನ ನಾಚಿಕೆ, ಚಂದ್ರಮತಿಯ ಮಮತೆ, ತಾಯಿಯ ಮಾತು ಮೀರಲಾರದ ಮಗನ ದಾಕ್ಷಿಣ್ಯ, ಇಬ್ಬರ ನಡುವೆ ಹೇಳದೆ ಉಳಿದ ಒಂದು ನಿಜ. ಇವುಗಳಲ್ಲಿ ಯಾವುದನ್ನೂ ದುರ್ಗುಣವೆನ್ನಲಾಗದು. ಎಲ್ಲ ಸೇರಿ ಒಂದು ಬಲಿಪೀಠ ಕಟ್ಟುತ್ತವೆ. ಕೆಡುಕಿಗೆ ದ್ವೇಷವೇ ಬೇಕೆಂದು ನಂಬಿದವರಿಗೆ ಜನ್ನ ಕೊಡುವ ಉತ್ತರ ಕಠಿಣವಾದುದು: ಒಳ್ಳೆಯ ಮನೆತನದ ನಯ, ಸಂಕೋಚ, ಹೊಂದಾಣಿಕೆಗಳೇ ಸಾಕು. ಬಳಿಕ ಅಮೃತಮತಿ ತಾಯಿ ಮಗ ಇಬ್ಬರಿಗೂ ವಿಷವಿಕ್ಕುತ್ತಾಳೆ. ಅವರು ನವಿಲು, ನಾಯಿ, ಮೀನು, ಮೊಸಳೆ, ಆಡು, ಕೋಳಿಗಳಾಗಿ ಹುಟ್ಟಿಹುಟ್ಟಿ ಸಾಯುತ್ತಾರೆ. ಒಮ್ಮೆಯಂತೂ ಯಶೋಧರ ತನ್ನದೇ ಶ್ರಾದ್ಧಕ್ಕೆ ತಾನೇ ಅಡುಗೆಯಾಗುತ್ತಾನೆ. ಮಾಡಿಸುವವನು ತಂದೆಯ ಸದ್ಗತಿ ಕೋರುವ ಸ್ವಂತ ಮಗ. ಅರಿಯದ ಕೈಗಳಿಂದ ನಡೆಯುವ ಕ್ರೌರ್ಯದ ಇಂಥ ಚಿತ್ರ ಕನ್ನಡದಲ್ಲಿ ಮತ್ತೊಂದಿಲ್ಲ.

ಹಿಟ್ಟಿನ ಹುಂಜಕ್ಕೆ ಇಷ್ಟು ಜನ್ಮಗಳ ಶಿಕ್ಷೆಯೇ, ಇದು ಯಾವ ನ್ಯಾಯ ಎಂದು ಕೇಳುವವರಿದ್ದಾರೆ. ಕರ್ಮಸಿದ್ಧಾಂತ ಎಲ್ಲವನ್ನೂ ಲೆಕ್ಕಕ್ಕೆ ಇಳಿಸಿದ ಮೇಲೆ ಮನಸ್ಸಿನ ಶೋಧಕ್ಕೆ ಉಳಿಯುವುದೇನು ಎಂಬ ಪ್ರಶ್ನೆಯೂ ಇದರ ಬೆನ್ನಿಗಿದೆ. ಶಿಕ್ಷೆ ತಪ್ಪಿಗೆ ಮೀರಿದ್ದು ಎಂಬುದು ದಿಟ. ಆದರೆ ಈ ಕಥೆಯನ್ನು ಯಾರು, ಯಾರಿಗೆ, ಎಲ್ಲಿ ಹೇಳುತ್ತಿದ್ದಾರೆಂಬುದನ್ನು ಗಮನಿಸಬೇಕು. ಮಾರಿದತ್ತನೆಂಬ ಅರಸ ಚಂಡಮಾರಿಯ ಗುಡಿಯಲ್ಲಿ ಎಳೆಯ ಅಣ್ಣತಂಗಿಯರಿಬ್ಬರನ್ನು ಬಲಿಗೊಡಲು ನಿಂತಿದ್ದಾನೆ; ಬಲಿಯಾಗಬೇಕಾದ ಅಭಯರುಚಿಯೇ ತನ್ನ ಹಿಂದಿನ ಜನ್ಮಗಳ ಈ ವೃತ್ತಾಂತವನ್ನು ಅವನಿಗೆ ಹೇಳುತ್ತಾನೆ. ಕತೆ ಮುಗಿಯುವ ಹೊತ್ತಿಗೆ ಅರಸನ ಕೈ ಹಿಂದೆ ಸರಿದಿರುತ್ತದೆ. ಈ ಚೌಕಟ್ಟಿನೊಳಗೆ ಜನ್ಮಜನ್ಮಗಳ ವಿವರ ಒಂದು ಕ್ಷಣವನ್ನು ಹಿಗ್ಗಿಸಿ ತೋರಿಸುವ ಭೂತಗನ್ನಡಿ. ಮಾಡುವಾಗ ಹಗುರವಾಗಿ ಕಂಡದ್ದರ ತೂಕವನ್ನು ಮಾಡುವ ಮೊದಲೇ ಕಾಣಿಸುವುದು ಅದರ ಉದ್ದೇಶ. ಲೆಕ್ಕದ ನ್ಯಾಯವಷ್ಟೇ ಕವಿಗೆ ಮುಖ್ಯವಾಗಿದ್ದರೆ ಮಾರಿದತ್ತನಿಗೂ ನರಕವೇ ಗತಿಯಾಗಬೇಕಿತ್ತು.

ಅಮೃತಮತಿಯ ವಿಷಯದಲ್ಲಿ ಮಾತ್ರ ಜನ್ನನನ್ನು ಸಮರ್ಥಿಸುವುದು ಕಷ್ಟ. ತೇಲಿಬಂದ ಹಾಡೊಂದಕ್ಕೆ ಅವಳ ಮನಸ್ಸು ಸೋಲುವುದನ್ನು, ಹಾಡಿದವನ ಕುರೂಪ ಕಂಡಮೇಲೂ ಒಲವು ಕದಲದಿರುವುದನ್ನು, ತಡವಾಗಿ ಬಂದಳೆಂದು ಅವನು ಹೊಡೆದರೂ ಅವಳು ಸಹಿಸುವುದನ್ನು ಕವಿ ಬೆರಗಿನಿಂದಲೇ ಬರೆದಿದ್ದಾನೆ. ಕಾಮನ ಮಾಯೆಗೆ ವಿಧಿಯೂ ಜೊತೆಗೂಡಿದರೆ ಮನುಷ್ಯರ ಗತಿ ಏನು ಎಂದು ಉದ್ಗರಿಸುವಾಗ ಅವಳ ಮೇಲೆ ಅವನಿಗೆ ಕನಿಕರವಿದೆಯೆಂದೇ ತೋರುತ್ತದೆ. ಆದರೆ ತಿದ್ದಿಕೊಳ್ಳಲು ಯಶೋಧರನಿಗೆ ಹಲವು ಜನ್ಮಗಳನ್ನು ಕೊಟ್ಟ ಕಾವ್ಯ ಅವಳಿಗೆ ನರಕವನ್ನಷ್ಟೇ ಕೊಡುತ್ತದೆ. ಅರಮನೆಯಲ್ಲಿ ಅವಳಿಗೆ ಏನು ಕೊರತೆಯಾಗಿತ್ತು, ಮರುದಿನ ಗಂಡನ ಕೈಯ ಹೂವಿನ ಏಟೂ ಅದರೊಡನೆ ಬಂದ ಚುಚ್ಚುಮಾತೂ ಅವಳೊಳಗೆ ಏನನ್ನು ಎಬ್ಬಿಸಿದವು ಎಂಬ ಪ್ರಶ್ನೆಗಳನ್ನು ಕವಿ ಎತ್ತಿಕೊಳ್ಳುವುದಿಲ್ಲ. ಗಂಡಸಿನ ಪತನವನ್ನು ಒಳಗಿನಿಂದ, ಹೆಂಗಸಿನ ಪತನವನ್ನು ಹೊರಗಿನಿಂದ ನೋಡುವುದು ಈ ಪರಂಪರೆಯ ದೊಡ್ಡ ಕೊರತೆ. 1230ರ ಅನಂತನಾಥಪುರಾಣದಲ್ಲೂ ಹೀಗೆಯೇ ಆಗಿದೆ. ಗೆಳೆಯ ವಸುಷೇಣನ ಮನೆಗೆ ಅತಿಥಿಯಾಗಿ ಬಂದ ಚಂಡಶಾಸನ ಆತನ ಮಡದಿ ಸುನಂದೆಯನ್ನು ಹೊತ್ತೊಯ್ದು, ಅವಳ ಮನಸ್ಸು ತಿರುಗಿಸಲು ಗಂಡನ ತಲೆಯೆಂದು ಕೃತಕ ತಲೆಯೊಂದನ್ನು ತೋರಿಸುತ್ತಾನೆ. ಅದನ್ನು ನಿಜವೆಂದು ನಂಬಿ ಅವಳು ಪ್ರಾಣ ಬಿಡುತ್ತಾಳೆ. ಅವನು ಅವಳ ಚಿತೆಯಲ್ಲೇ ಬೆಂದುಹೋಗುತ್ತಾನೆ. ಓದುಗನ ನೆನಪಿನಲ್ಲಿ ಉಳಿಯುವವನು ಚಂಡಶಾಸನ. ಅವನ ಉರಿಯಲ್ಲಿ ಒಂದು ಭೀಕರ ಪ್ರಾಮಾಣಿಕತೆ ಇದೆ. ಅದರ ಬೆಳಕಿಗೆ ಸುನಂದೆ ಮಸುಕಾಗುತ್ತಾಳೆ.

ಕೆಟ್ಟವನ ಮನಸ್ಸನ್ನು ಇಷ್ಟು ಹತ್ತಿರದಿಂದ ಅರಿತರೆ ಅವನನ್ನು ಕ್ಷಮಿಸಿದಂತೆಯೇ ಆಗುವುದಿಲ್ಲವೇ ಎಂಬ ಶಂಕೆ ಇಲ್ಲಿ ಸಹಜ. ಕಾವ್ಯಗಳು ಈ ಎರಡನ್ನೂ ಸ್ಪಷ್ಟವಾಗಿ ಬೇರೆಯಾಗಿ ಇಟ್ಟಿವೆ. ಪಶ್ಚಾತ್ತಾಪಪಟ್ಟ ರಾವಣ ಲಕ್ಷ್ಮಣನ ಕೈಯಲ್ಲಿ ಸಾಯುವುದು ತಪ್ಪುವುದಿಲ್ಲ. ಮುಂದೆಂದೋ ಅವನು ತೀರ್ಥಂಕರನಾಗುವನೆಂದು ಜೈನ ಪರಂಪರೆ ನಂಬುತ್ತದೆ, ಆದರೆ ಅದಕ್ಕೆ ಮೊದಲು ನರಕವಾಸವನ್ನೂ ವಿಧಿಸುತ್ತದೆ. ಮರುಕವೂ ಹೊಣೆಗಾರಿಕೆಯೂ ಒಬ್ಬನ ಮೇಲೆಯೇ, ಒಟ್ಟಿಗೇ ನಿಲ್ಲುತ್ತವೆ. ಹಾಗೆ ನೋಡಿದರೆ ರಾಕ್ಷಸನೆಂದು ಹೆಸರಿಟ್ಟು ದೂರವಿಡುವುದೇ ಹೆಚ್ಚು ಸುಲಭದ ಬಿಡುಗಡೆ, ಓದುವವನು ಆಗ ತನ್ನನ್ನು ಪ್ರಶ್ನಿಸಿಕೊಳ್ಳಬೇಕಾಗಿಲ್ಲ. ಹನ್ನೆರಡನೆಯ ಶತಮಾನದ ವಚನಕಾರರು, ಅದರಲ್ಲೂ ಬಸವಣ್ಣ, ಆ ಪ್ರಶ್ನೆಯನ್ನು ನೇರವಾಗಿ ತಮ್ಮ ಮೇಲೆಯೇ ತಿರುಗಿಸಿಕೊಂಡರು. ರಾಘವಾಂಕನ ಹರಿಶ್ಚಂದ್ರಕಾವ್ಯ ಅದನ್ನು ಋಷಿಯ ಆಶ್ರಮದೊಳಕ್ಕೂ ಕೊಂಡೊಯ್ದಿತು. ಇಂದ್ರನ ಸಭೆಯಲ್ಲಿ ವಸಿಷ್ಠನೊಡನೆ ಹೂಡಿದ ಪಂತ ಗೆಲ್ಲುವುದಕ್ಕಾಗಿ ತಪಸ್ವಿ ವಿಶ್ವಾಮಿತ್ರನೇ ಒಂದು ಕುಟುಂಬವನ್ನು ಸುಡುಗಾಡಿನವರೆಗೆ ಅಟ್ಟುತ್ತಾನೆ. 1949ರಲ್ಲಿ ಬಂದ ಕುವೆಂಪು ಅವರ ಶ್ರೀರಾಮಾಯಣದರ್ಶನಂ ನಾಗಚಂದ್ರ ನಿಲ್ಲಿಸಿದ ಎಡೆಯಿಂದ ಮುಂದೆ ಸಾಗಿ, ಸೀತೆಯನ್ನು ತಾಯಾಗಿ ಕಾಣುವವರೆಗೆ ರಾವಣನ ಮನಸ್ಸನ್ನು ಬೆಳೆಸಿತು.

ಇಷ್ಟಾದರೂ ಒಂದು ಬಗೆಯ ಕೆಡುಕು ಈ ನೋಟದ ಬಲೆಗೆ ಸಿಕ್ಕಿರಲಿಲ್ಲ. ಒಬ್ಬನ ಮನಸ್ಸಿನ ಗಳಿಗೆಯನ್ನು ಹುಡುಕುವ ಕಾವ್ಯಕ್ಕೆ, ಯಾರ ಮನಸ್ಸಿನಲ್ಲೂ ವಿಶೇಷ ಗಳಿಗೆಯೇ ಬರದೆ, ದಿನದ ವ್ಯವಹಾರವಾಗಿ ನಡೆದುಹೋಗುವ ಕ್ರೌರ್ಯ ಕಾಣುವುದಿಲ್ಲ. ಜಾತಿಯ ಹೆಸರಿನ ಹಿಂಸೆ ಅಂಥದು. ಜನ್ನನ ಕಾವ್ಯದಲ್ಲಿ ಮಾವುತನ ಕುರೂಪ, ಕೀಳುತನಗಳು ರಾಣಿಯ ಪತನದ ಆಳವನ್ನು ತೋರಿಸುವ ಸಾಧನಗಳು ಮಾತ್ರ. ಅವನನ್ನು ಹಾಗೆ ನೋಡುವ ಕಣ್ಣಿನಲ್ಲೇ ಒಂದು ಕ್ರೌರ್ಯವಿದೆಯೆಂದು ಕವಿಗೆ ಹೊಳೆಯಲಿಲ್ಲ. ಗಿರೀಶ ಕಾರ್ನಾಡರು 1980ರ ಹಿಟ್ಟಿನ ಹುಂಜ ನಾಟಕದಲ್ಲಿ ಇದೇ ಕಥೆಯನ್ನು ಎತ್ತಿಕೊಂಡು ರಾಣಿಗೆ ಮಾತು ಕೊಟ್ಟರು. ಅವರ ರಾಣಿ ಹುಟ್ಟು ಜೈನಳು, ರಾಜ ಅವಳಿಗಾಗಿ ಮತ ಬದಲಿಸಿದವನು, ಅತ್ತೆ ಬಲಿಯ ಸಂಪ್ರದಾಯದವಳು. ಮಾವುತನೊಡನೆ ಕಳೆದ ರಾತ್ರಿಯನ್ನು ಬಲಿಯಿಂದ ತೊಳೆಯಬೇಕಾದ ಪಾಪವೆಂದು ಯಾರು ನಿರ್ಧರಿಸಿದರು ಎಂಬ ವಾದ ಅಲ್ಲಿ ರಂಗದ ಮೇಲೇ ನಡೆಯುತ್ತದೆ.

ಆ ಬಳಿಕ ಪ್ರಕಟವಾದ ದೇವನೂರ ಮಹಾದೇವರ ಕುಸುಮಬಾಲೆ ಇನ್ನೂ ಮುಂದೆ ಹೋಯಿತು. ಮೇಲುಜಾತಿಯ ಕುಸುಮಳೊಡನೆ ಸಂಬಂಧ ಬೆಳೆಸಿದ ದಲಿತ ಯುವಕ ಚನ್ನನ ಕೊಲೆ ಅದರ ಕೇಂದ್ರದಲ್ಲಿದೆ, ಆದರೆ ಕೊಂದವರ ಮನಸ್ಸಿನ ಹೋರಾಟ ಅಲ್ಲಿಲ್ಲ. ಇರಲಾರದು ಎಂಬುದೇ ಆ ಕಿರುಕಾದಂಬರಿಯ ಭಯಂಕರ ಕಾಣ್ಕೆ. ರಾವಣನಿಗೆ ಒಂದು ವ್ರತವಿತ್ತು, ಯಶೋಧರನಿಗೆ ಒಂದು ಅಳುಕಿತ್ತು. ಇಲ್ಲಿ ಕೊಲ್ಲುವವರಿಗೆ ಮೀರಿ ಹೋಗಬೇಕಾದ ಗೆರೆಯೇ ಇಲ್ಲ, ಊರಿನ ಕಟ್ಟಳೆ ಅವರ ಪರವಾಗಿಯೇ ಇದೆ. ನಂಜನಗೂಡು ಸೀಮೆಯ ಆಡುಮಾತಿನಲ್ಲಿ ದೇವನೂರರು ಆ ಸಾವಿನ ಸುತ್ತ ಇಡೀ ಊರಿನ ಬಾಳನ್ನೇ ಹರಡುತ್ತಾರೆ; ಇರುಳಿನಲ್ಲಿ ಕೂಡಿ ಮಾತಾಡುವ ದೀಪದ ಜೋತಮ್ಮಗಳೂ ಅದರಲ್ಲಿ ಪಾತ್ರಗಳು. ಹಳಗನ್ನಡ ಕವಿ ತಪ್ಪು ಮಾಡಿದವನ ಎದೆಯೊಳಗೆ ಹುಡುಕಿದ್ದನ್ನು ಈ ಕೃತಿ ಮನೆಮನೆಯ ಜಗಲಿಯಲ್ಲಿ, ಸಾಲಸೋಲದ ಲೆಕ್ಕದಲ್ಲಿ, ಯಾರೂ ತಡೆಯದೆ ಬಿಟ್ಟ ಮಾತುಕತೆಗಳಲ್ಲಿ ಹುಡುಕುತ್ತದೆ. ಕನ್ನಡದಲ್ಲಿ ಕೆಡುಕಿನ ಬಗೆಗೆ ಆಮೇಲೆ ಬರೆದವರು ಈ ಎರಡು ಹುಡುಕಾಟಗಳಿಗೂ ಉತ್ತರ ಕೊಡಬೇಕಾಗಿ ಬಂದಿದೆ.